ತಂತಿಯ ತುಕ್ಕು

ಹಳೇಬೀಡು
10-9-1976

ಅಜಿತಪ್ರಸಾದನಿಗೆ,

ಇದರ ಜೊತೆಗಿರುವ ಅಚ್ಚಿನ ಕಾರ್ಡನ್ನು ಮೊದಲು ಓದು. ಅದರಲ್ಲಿ ಹೊಸದೇನೂ ಇಲ್ಲ. ದಶಲಕ್ಷಣ ಪರ್ವ ಮುಗಿದ ಮಾರನೆಯ ದಿನ ನಮ್ಮ ಮನೆಯಿಂದ ವರ್ಷವರ್ಷವೂ ಹೊರಡುವ ಕ್ಷಮಾವಣಿ ಕಾರ್ಡು: ‘ತಿಳಿದೋ ತಿಳಿಯದೆಯೋ ನಮ್ಮಿಂದ ತಮಗೆ ನೋವಾಗಿದ್ದರೆ ಮನ್ನಿಸಬೇಕು.’ ಈ ಸಲ ಅಪ್ಪನ ಕಣ್ಣಿಗೆ ಪೊರೆ ಬಂದು ವಿಳಾಸ ಬರೆಯುವ ಕೆಲಸ ನನ್ನ ಪಾಲಿಗೆ ಬಿತ್ತು. ನೆಂಟರಿಗೆ, ಜವಳಿ ಅಂಗಡಿಗೆ ಬರುವವರಿಗೆ, ನಮ್ಮೊಡನೆ ಜಗಳವಾಡಿದವರಿಗೆ, ಜಗಳವಾಡಲು ಪುರುಸೊತ್ತಿಲ್ಲದವರಿಗೆ, ಎಲ್ಲರಿಗೂ ಬರೆದು ಮುಗಿಸಿದೆ. ಒಂದು ಕಾರ್ಡು ಉಳಿಯಿತು. ಉಳಿಯಲಿ ಎಂದೇ ನಾನು ಒಂದು ಹೆಚ್ಚಿಗೆ ತರಿಸಿದ್ದೆ.

ನಿನ್ನ ವಿಳಾಸ ಕೊಟ್ಟವರು ನಿನಗೆ ಗಿಟಾರು ಕಲಿಸಿದ ಗುರುಗಳು, ರೈಲ್ವೆಯ ಗಾರ್ಡ್ ಸಾಹೇಬರು. ಅಪ್ಪನನ್ನು ಅರಸೀಕೆರೆಯ ಕಣ್ಣಿನ ಡಾಕ್ಟರಿಗೆ ತೋರಿಸಲು ಹೋಗಿದ್ದೆವು. ಸ್ಟೇಷನ್ನಿನ ಬೆಂಚಿನ ಮೇಲೆ ಕೂತಿದ್ದರು. ನಿವೃತ್ತಿಯಾಗಿದ್ದರೂ ರೈಲು ಬರುವ ಹೊತ್ತಿಗೆ ಬಂದು ಕೂರುತ್ತಾರಂತೆ. ನನ್ನನ್ನು ನೋಡಿ ಜೇಬಿನಿಂದ ಚೀಟಿ ತೆಗೆದರು. ನೀನು ಪ್ರತಿ ಕ್ರಿಸ್‌ಮಸ್ಸಿಗೆ ಅವರಿಗೆ ಬರೆಯುತ್ತೀಯಂತೆ. ಐದು ವರ್ಷದಲ್ಲಿ ನನಗೆ ಒಂದು ಸಾಲು ಬರೆಯಲಿಲ್ಲ. ಇರಲಿ, ಅದನ್ನು ಲೆಕ್ಕ ಹಿಡಿಯಲು ಈ ಕಾಗದ ಬರೆಯುತ್ತಿಲ್ಲ.

ಅಪ್ಪನ ಪರವಾಗಿ ಬರೆಯುತ್ತಿದ್ದೇನೆ, ಅವರಿಗೆ ಗೊತ್ತಿಲ್ಲದೆ. ಬಸದಿಯ ಪಕ್ಕದ ನಮ್ಮ ಮನೆಯೊಳಗೆ ಪ್ರಾಣಿಯ ಕರುಳು ಹೊಸೆದು ಮಾಡಿದ ತಂತಿ ಇದೆ ಎಂದು ಯಾರೋ ಅವರಿಗೆ ಹೇಳಿದರು. ನೀರನ್ನೂ ಸೋಸಿ ಕುಡಿಯುವ ಮನುಷ್ಯ. ಆ ಮಾತು ಕಿವಿಗೆ ಬಿದ್ದ ಮೇಲೆ ವಿಚಾರಿಸುವ ತಾಳ್ಮೆ ಅವರಲ್ಲಿ ಉಳಿಯಲಿಲ್ಲ. ನಿನ್ನ ಗಿಟಾರನ್ನು ಹೆಗಲ ಮೇಲಿನ ಅಂಗವಸ್ತ್ರದಲ್ಲಿ ಸುತ್ತಿ ಕೆರೆಗೆ ಒಯ್ದರು. ಎಸೆಯಲಿಲ್ಲ, ಮೀನಿಗೆ ಏಟಾಗಬಾರದೆಂದು ಮೆಲ್ಲನೆ ನೀರಿಗೆ ಇಳಿಬಿಟ್ಟರು. ಮಾರನೆಯ ಬೆಳಿಗ್ಗೆ ನೀನಿರಲಿಲ್ಲ.

ಅಂದಿನಿಂದ ಅಪ್ಪ ತೆಂಗಿನಕಾಯಿ ಬಿಟ್ಟಿದ್ದಾರೆ. ಕಾಯಿ, ಕೊಬ್ಬರಿ, ಎಣ್ಣೆ, ಏನೂ ಬೇಡ. ನಿಯಮ ಹಿಡಿದದ್ದು ಯಾಕೆಂದು ಕೇಳಿದರೆ ಹೇಳುವುದಿಲ್ಲ. ಈ ಸೀಮೆಯಲ್ಲಿ ಕಾಯಿಯಿಲ್ಲದ ಅಡುಗೆಯೆಂದರೆ ಏನೆಂದು ನಿನಗೇ ಗೊತ್ತು. ಐದು ವರ್ಷದಿಂದ ಎರಡು ಪಾತ್ರೆಯಲ್ಲಿ ಸಾರು ಮಾಡುತ್ತಿದ್ದೇನೆ.

ಒಂದು ಸಾಲು ಬರೆ.

ನಿನ್ನ ಅಕ್ಕ
ಶೀಲಾವತಿ


ಕಲ್ಕತ್ತ
24-10-1976

ಅಕ್ಕ,

ಕಾರ್ಡು ಸೇರಿತು. ಒಂದು ಸಾಲು ಕೇಳಿದ್ದೀಯ. ಇದೋ: ತಂತಿ ಉಕ್ಕಿನವು. ಆರೂ ಉಕ್ಕಿನವೇ. ಮಳೆಗಾಲ ಬಂತೆಂದರೆ ತುಕ್ಕು ಹಿಡಿಯುತ್ತಿದ್ದವು. ನಿನಗೆ ನೆನಪಿರಬೇಕು, ಎಣ್ಣೆ ಹಚ್ಚಿ ಒರೆಸುತ್ತಿದ್ದವಳು ನೀನೇ. ಅಪ್ಪ ಒಂದು ಸಲ ಬೆರಳಿಟ್ಟು ನೋಡಿದ್ದರೆ ಸಾಕಿತ್ತು. ಮೀನಿಗೆ ನೋವಾಗದಂತೆ ಇಳಿಬಿಟ್ಟರೆಂದು ಬರೆದಿದ್ದೀಯ. ಓದಿ ನಗು ಬಂತು, ಆಮೇಲೆ ಅದೇ ಸಾಲನ್ನು ಮತ್ತೆ ಓದಿದೆ.

ಇಲ್ಲಿ ಒಂದು ರೆಸ್ಟೋರೆಂಟಿನಲ್ಲಿ ನುಡಿಸುತ್ತೇನೆ. ವಾರದ ದಿನಗಳಲ್ಲಿ ಬ್ಯಾಂಡಿನ ಹಿಂದಿನ ಸಾಲಿನಲ್ಲಿ ನಿಂತು ಯಾರಿಗೂ ಕೇಳಿಸದ ಹಾಗೆ. ಆದಿತ್ಯವಾರ ಮಧ್ಯಾಹ್ನ ಎರಡರಿಂದ ನಾಲ್ಕರವರೆಗೆ ಮಾತ್ರ ವೇದಿಕೆ ನನ್ನದು. ಆಗ ಬ್ಲೂಸ್ ನುಡಿಸುತ್ತೇನೆ. ಅಮೆರಿಕದ ಹತ್ತಿ ಹೊಲಗಳಲ್ಲಿ ದುಡಿದ ಕರಿಯ ಜನರು ಕಟ್ಟಿದ ಹಾಡು ಅದು. ಯುದ್ಧದ ಕಾಲದಲ್ಲಿ ಬೆಂಗಳೂರಿಗೆ ಬಂದಿದ್ದ ಒಬ್ಬ ಸಿಪಾಯಿಯಿಂದ ಗಾರ್ಡ್ ಸಾಹೇಬರು ಕಲಿತರು, ಅವರಿಂದ ನಾನು ಕಲಿತೆ. ಎಡಗೈ ಬೆರಳಿಗೆ ಔಷಧಿ ಬಾಟಲಿಯ ಕುತ್ತಿಗೆ ತೊಟ್ಟು ತಂತಿಯ ಮೇಲೆ ಜಾರಿಸಬೇಕು. ಆಗ ಸ್ವರ ಅಳುತ್ತದೆ. ಕೇಳುವವರಲ್ಲಿ ಬಂಗಾಳಿಗಳು, ಮಾರ್ವಾಡಿಗಳು, ಚಹಾ ತೋಟದ ಸಾಹೇಬರು ಇರುತ್ತಾರೆ. ಹಳೇಬೀಡು ಎಲ್ಲಿದೆ ಎಂದು ಅವರಲ್ಲಿ ಒಬ್ಬರಿಗೂ ಗೊತ್ತಿಲ್ಲ.

ನುಡಿಸಿ ಮುಗಿಸಿ ಅಡುಗೆಮನೆಯ ಹಿಂದೆ ನಿಂತು ಅನ್ನ ಬೇಳೆ ಉಣ್ಣುತ್ತೇನೆ. ಈ ಊರಿನಲ್ಲಿ ಸೂರ್ಯ ನಮ್ಮೂರಿಗಿಂತ ಬೇಗ ಮುಳುಗುತ್ತಾನೆ, ಚಳಿಗಾಲದಲ್ಲಿ ಐದಕ್ಕೇ. ಅನಸ್ತಮಿ ಬಿಟ್ಟಿಲ್ಲ. ಸೂರ್ಯ ಮುಳುಗಿದ ಮೇಲೆ ಬಾಯಿಗೆ ಏನೂ ಹಾಕದವನನ್ನು ಕಂಡು ಬ್ಯಾಂಡಿನವರು ನಗುತ್ತಾರೆ. ಯಾಕೆ ಬಿಟ್ಟಿಲ್ಲವೋ ನನಗೂ ಗೊತ್ತಿಲ್ಲ.

ನಿನ್ನನ್ನು ಒಂದೇ ಕೇಳುತ್ತೇನೆ. ಅಪ್ಪನಿಗೆ ಹೇಳಿದ ಆ ‘ಯಾರೋ’ ಯಾರು? ಅಪ್ಪ ತಿಳಿಯದೆ ಮಾಡಿದರು, ಸರಿ. ಹೇಳಿದವರು? ಆ ಹೆಸರು ಗೊತ್ತಾಗುವವರೆಗೆ ನಾನು ಊರಿಗೆ ಬರುವುದಿಲ್ಲ. ಬಂದರೆ ಎದುರಿಗೆ ಸಿಕ್ಕವರ ಮುಖವನ್ನೆಲ್ಲ ಇವರೇ ಇರಬಹುದೆ ಎಂದು ನೋಡುತ್ತಾ ತಿರುಗಬೇಕಾಗುತ್ತದೆ.

ಅಜಿತ


ಹಳೇಬೀಡು
16-1-1977

ಪ್ರೀತಿಯ ಅಜಿತ,

ಸಂಕ್ರಾಂತಿಯ ಎಳ್ಳು ಹಂಚಿ ಈಗ ಕೂತೆ. ನಿನ್ನ ಕಾಗದವನ್ನು ಅಪ್ಪನಿಗೆ ಓದಿ ಹೇಳಿದೆ. ಕಳ್ಳತನದಲ್ಲಿ ಬರೆದಿದ್ದೇನೆಂದು ಒಪ್ಪಿಕೊಳ್ಳಬೇಕಾಯಿತು. ಬೈಯಲಿಲ್ಲ. ತಂತಿ ಉಕ್ಕಿನದು ಎಂಬಲ್ಲಿಗೆ ಬಂದಾಗ ‘ಹೂಂ’ ಅಂದರು, ಅಷ್ಟೆ. ನೀನು ಸೂರ್ಯ ಮುಳುಗುವ ಮುಂಚೆ ಉಣ್ಣುತ್ತೀ ಎಂಬ ಭಾಗವನ್ನು ಮಾತ್ರ ಮೂರು ಸಲ ಓದಿಸಿದರು. ಈಗ ದಿನಾ ಸಂಜೆ ಗಡಿಯಾರ ಐದು ಹೊಡೆದರೆ ಅಂಗಡಿಯಲ್ಲಿ ಕೂತ ಅಪ್ಪ ತಲೆಯೆತ್ತಿ, “ಅವನ ಊಟ ಆಯ್ತು,” ಅನ್ನುತ್ತಾರೆ. ಬಟ್ಟೆ ಕೊಳ್ಳಲು ಬಂದವರು ಯಾರ ಊಟ ಎಂದು ನನ್ನ ಮುಖ ನೋಡುತ್ತಾರೆ.

ಹೆಸರು ಕೇಳಿದ್ದೀಯ. ಆರು ವರ್ಷಕ್ಕೆ ಬಂದ ಮಾತು. ಊರಿನಲ್ಲಿ ನಾಲಿಗೆಯಿರುವವರು ಎಷ್ಟು ಜನ! ಯಾರು ಆಡಿದರು ಎಂದು ಈಗ ಕೆದಕಿ ಏನಾಗಬೇಕು? ಹೋದ ಗಿಟಾರು ಬರುತ್ತದೆಯೆ? ನೀನು ಬಂದು ಅಪ್ಪನ ಪಕ್ಕದಲ್ಲಿ ಒಂದು ಹೊತ್ತು ಉಂಡರೆ ಅವರ ನಿಯಮವಾದರೂ ಮುಗಿದೀತು. ನಿಯಮ ನಿನಗಾಗಿಯೇ ಎಂದು ನಾನು ಅಂದುಕೊಂಡಿದ್ದೇನೆ.

ಗಂಡಸಿಯ ಏಕಾಂತಯ್ಯನವರು ಮೊನ್ನೆ ಬಂದಿದ್ದರು. ಕೊಬ್ಬರಿ ವ್ಯಾಪಾರಿ, ಅಪ್ಪನ ಒಬ್ಬನೇ ಗೆಳೆಯ, ತರುವುದು ಯಾವಾಗಲೂ ತೆಂಗಿನಕಾಯಿ. ಆರಿಸಿ ಆರಿಸಿ ಹತ್ತು ಕಾಯಿ ತಂದರು. ಅಪ್ಪ ಕೈ ಮುಗಿದು ನನ್ನ ಕಡೆ ತಳ್ಳಿದರು. ಏಕಾಂತಯ್ಯನವರು ನಿನ್ನ ಬಗ್ಗೆ ಕೇಳಿದರು.

ಈ ವರ್ಷ ಬಾ.

ಶೀಲಕ್ಕ


ಕಲ್ಕತ್ತ
9-5-1977

ಅಕ್ಕ,

ನಿನ್ನೆ ಆದಿತ್ಯವಾರ ನಡೆದದ್ದನ್ನು ಯಾರಿಗಾದರೂ ಹೇಳಬೇಕು. ಕನ್ನಡದಲ್ಲಿ ಹೇಳಲು ನೀನೊಬ್ಬಳೇ ಇರುವುದು.

ನಾನು ಎರಡನೆಯ ಹಾಡಿನಲ್ಲಿದ್ದಾಗ ಕರೆಂಟು ಹೋಯಿತು. ಇಲ್ಲಿ ದಿನವೂ ಹೋಗುತ್ತದೆ, ಒಂದೊಂದು ಸಲ ನಾಲ್ಕು ಗಂಟೆ. ನಮ್ಮ ಹಾಲಿಗೆ ಕಿಟಕಿಯಿಲ್ಲ. ಹೊರಗೆ ಸುಡುವ ಬಿಸಿಲು, ಒಳಗೆ ಕಪ್ಪು ಕತ್ತಲೆ. ಮೈಕು ಸತ್ತಿತು, ಫ್ಯಾನು ನಿಂತಿತು. ಜೊತೆಯವರು ವಾದ್ಯ ಕೆಳಗಿಟ್ಟು ಗಾಳಿ ಹುಡುಕಿಕೊಂಡು ಹೋದರು. ಜನ ಏಳಲಿಲ್ಲ. ಎದ್ದರೆ ಮೇಜಿಗೆ ಎಡವಬೇಕಲ್ಲ. ಇನ್ನೂರು ಜನ ಕತ್ತಲಲ್ಲಿ ಬೆವರುತ್ತಾ ಕೂತಿದ್ದರು. ನಾನು ವೇದಿಕೆಯ ಅಂಚಿಗೆ ಬಂದು ಕಾಲು ಇಳಿಬಿಟ್ಟು ಕೂತು, ಮೈಕಿಲ್ಲದೆ ಬರಿಯ ಗಿಟಾರು ನುಡಿಸಿದೆ.

ಲಕ್ಕಮ್ಮನ ಪದ ಬಾಯಿಗೆ ಬಂತು. ನಮ್ಮ ಮನೆಯಲ್ಲಿ ರಾಗಿ ಬೀಸುವಾಗ ಹಾಡುತ್ತಿದ್ದಳಲ್ಲ, ಅದು.

ಕಲ್ಲು ತಿರುಗ್ತೈತೆ ನನ್ನವ್ವ, ಕಾಲು ಕಟ್ಟೈತೆ
ಕಲ್ಲು ತಿರುಗ್ತೈತೆ ನನ್ನವ್ವ, ಕಾಲು ಕಟ್ಟೈತೆ
ಹೋದೋರ ಹಾದಿ ಹಿಟ್ಟಾಗಿ ಉದುರೈತೆ

ಬ್ಲೂಸ್ ಹಾಡಿನ ಕಟ್ಟೂ ಹೀಗೆಯೇ. ಒಂದು ಸಾಲನ್ನು ಎರಡು ಸಲ ಹೇಳುವುದು, ಮೂರನೆಯದರಲ್ಲಿ ಉತ್ತರ. ಇಷ್ಟು ವರ್ಷ ನುಡಿಸಿ ಇದು ನನಗೆ ಹೊಳೆದಿರಲಿಲ್ಲ. ಅವಳು ‘ನನ್ನವ್ವ’ ಎನ್ನುವಲ್ಲಿ ಸ್ವರವನ್ನು ಎಳೆದು ಬಗ್ಗಿಸುತ್ತಿದ್ದ ಹಾಗೆಯೇ ಬಾಟಲಿಯ ಕುತ್ತಿಗೆಯನ್ನು ಜಾರಿಸಿದೆ. ಕತ್ತಲಲ್ಲಿ ಯಾರೋ ಒಬ್ಬರು ಮೇಜಿನ ಮೇಲೆ ಬೆರಳಲ್ಲಿ ತಾಳ ಹಾಕಿದರು, ಆಮೇಲೆ ಇಡೀ ಹಾಲು. ಒಬ್ಬ ಗಂಡಸು ಅಳುತ್ತಿದ್ದ. ದೀಪ ಬಂದಾಗ ನೋಡಿದರೆ ಪ್ರತಿವಾರ ಮುಂದಿನ ಮೇಜಿನಲ್ಲಿ ಕೂತು ಜೋರಾಗಿ ಹರಟುವ ಚಹಾ ತೋಟದ ಮುದುಕ ಸಾಹೇಬ. ಒಂದು ಪದವೂ ತಿಳಿಯದೆ ಅತ್ತಿದ್ದ. ಗಾಜು ಸೀಳಿ ನನ್ನ ಬೆರಳು ಕೊಯ್ದುಹೋಗಿತ್ತು, ಆಗಲೇ ಗೊತ್ತಾದದ್ದು.

ಇಷ್ಟು ಸಂತೋಷದ ದಿನ ರೂಮಿಗೆ ಬಂದು ಕೂತರೆ ಮತ್ತೆ ಅದೇ ಸಿಟ್ಟು. ಇದನ್ನು ನಾನು ನಮ್ಮ ಜಗಲಿಯ ಮೇಲೆ ಕೂತು ನುಡಿಸಬಹುದಿತ್ತು. ಲಕ್ಕಮ್ಮ ಕೇಳಬಹುದಿತ್ತು.

ನೀನು ಹೆಸರು ಹೇಳದಿದ್ದರೂ ನನಗೆ ಗೊತ್ತಾಗಿದೆ. ನನ್ನ ಗಿಟಾರು ಕಂಡರೆ, “ಏನ್ಲಾ, ಸೋರೆಬುರುಡೆಗೆ ಕುತ್ತಿಗೆ ಬಂದೈತೆ,” ಎಂದು ನಗುತ್ತಿದ್ದವರು ಒಬ್ಬರೇ. ಅಪ್ಪನ ಕಿವಿಯ ಹತ್ತಿರ ಕೂರುತ್ತಿದ್ದವರೂ ಅವರೊಬ್ಬರೇ. ಏಕಾಂತಯ್ಯನವರಿಗೆ ನೇರವಾಗಿ ಒಂದು ಕಾಗದ ಬರೆದು ಇವತ್ತು ಅಂಚೆಗೆ ಹಾಕಿದೆ. ಮೆತ್ತಗೆ ಬರೆದಿಲ್ಲ.

ಅಜಿತ


ಹಳೇಬೀಡು
30-6-1977

ಅಜಿತ,

ಏನು ಮಾಡಿದೆಯೋ ನೀನು?

ನೆನ್ನೆ ಏಕಾಂತಯ್ಯನವರು ಗಂಡಸಿಯಿಂದ ಎರಡು ಬಸ್ಸು ಬದಲಾಯಿಸಿಕೊಂಡು ಬಂದರು. ಕೈಯಲ್ಲಿ ಕಾಯಿಯ ಚೀಲವಿರಲಿಲ್ಲ. ಜಗಲಿಯ ಮೇಲೆ ಕೂರದೆ ಅಂಗಳದಲ್ಲೇ ನಿಂತು ನಿನ್ನ ಕಾಗದವನ್ನು ಅಪ್ಪನ ಮುಂದೆ ಹಿಡಿದರು. ಅಪ್ಪನಿಗೆ ಕಾಣುವುದಿಲ್ಲವೆಂದು ನೆನಪಾಗಿ ಮತ್ತೆ ಮಡಿಸಿಕೊಂಡರು.

“ಸ್ವಾಮಿ ಅನಂತರಾಜಯ್ಯನೋರೆ, ನಿಮ್ಮನೇಲಿ ನಾನು ಎಷ್ಟು ದಪ ಉಂಡಿವ್ನಿ. ನಾನ್ಯಾಕೆ ಅಂತ ಮಾತು ಆಡ್ಲಿ? ಅದಕ್ಕೆ ಎಷ್ಟು ತಂತಿ ಐತೆ ಅಂತ್ಲೂ ನಂಗೆ ಗೊತ್ತಿಲ್ಲ. ನಗಾಡ್ದೆ, ದಿಟ. ನಗಾಡೋದು ತಪ್ಪಾ?” ಅಂದರು. ಗಲ್ಲ ನಡುಗುತ್ತಿತ್ತು. ಅರವತ್ತು ದಾಟಿದ ಮನುಷ್ಯ.

ಅಪ್ಪ ಎದ್ದು ಗೋಡೆ ಹಿಡಿದುಕೊಂಡು ಅಂಗಳಕ್ಕೆ ಇಳಿದರು. ಅವರ ಕೈ ಹುಡುಕಿ ಹಿಡಿದುಕೊಂಡು, “ನೀವಲ್ಲ. ಯಾರು ಹೇಳಿದ್ದು ಅಂತ ನಂಗೊತ್ತು. ನೀವಲ್ಲ,” ಅಂದರು.

“ಯಾರು ಅಂತ ಹುಡುಗಂಗೆ ಬರೀರಿ ಮತ್ತೆ.”

“ಬರೆಯೋಕೆ ಆಗಲ್ಲ ಏಕಾಂತಯ್ಯನೋರೆ.”

ಏಕಾಂತಯ್ಯನವರು ಹೊರಟರು. ನೀರು ಕುಡಿಯಿರಿ ಎಂದು ನಾನು ಲೋಟ ಹಿಡಿದು ನಡುಮನೆಯ ಬಾಗಿಲಲ್ಲಿ ನಿಂತೇ ಇದ್ದೆ. ಅವರ ಹಿಂದೆ ಓಡಬೇಕೆನ್ನಿಸಿತು. ಓಡಲಿಲ್ಲ.

ಅವರಿಗೆ ಬೇಗ ಒಂದು ಕಾಗದ ಬರೆದು ತಪ್ಪಾಯಿತೆನ್ನು. ಉಳಿದದ್ದು ಇನ್ನೊಂದು ದಿನ.

ಶೀಲಾವತಿ


ಕಲ್ಕತ್ತ
15-7-1977

ಅಕ್ಕ,

ಏಕಾಂತಯ್ಯನವರಿಗೆ ಬರೆದಿದ್ದೇನೆ. ಉತ್ತರ ಬಂದಿಲ್ಲ, ಬರುವುದೂ ಇಲ್ಲವೇನೋ. ಅಪ್ಪನಿಗೆ ಗೊತ್ತಿದೆ ಎಂದರೆ ನಿನಗೂ ಗೊತ್ತಿರಬೇಕು. ಕಾರ್ಡಿನಲ್ಲಿ ಜಾಗ ಕಡಿಮೆ. ನೀನೂ ಉದ್ದ ಬರೆಯಬೇಡ, ಹೆಸರೊಂದೇ ಬರೆ.

ಅಜಿತ


ಹಳೇಬೀಡು
29-9-1977

ಅಜಿತ,

ಈ ವರ್ಷದ ಕ್ಷಮಾವಣಿ ಕಾರ್ಡು ಒಳಗಿದೆ. ‘ತಿಳಿದೋ ತಿಳಿಯದೆಯೋ’ ಎಂದು ಅಚ್ಚಾಗಿರುವ ಕಡೆ ಎರಡನೆಯ ಮಾತನ್ನು ನಾನು ಮಸಿಯಿಂದ ಹೊಡೆದುಹಾಕಿದ್ದೇನೆ. ಹೆಸರು ಕೇಳಿದ್ದೆಯಲ್ಲ, ಕಾರ್ಡಿನ ಕೆಳಗೆ ರುಜು ಇದೆ.

ಹೌದು, ನಾನೇ ಹೇಳಿದ್ದು.

ಆ ಮಧ್ಯಾಹ್ನ ನೀನು ಅರಸೀಕೆರೆಯಿಂದ ಬಂದವನು ಅಡುಗೆಮನೆಯ ಹೊಸಿಲ ಮೇಲೆ ನಿಂತು, ಕಲ್ಕತ್ತೆಯ ಬ್ಯಾಂಡಿನವರು ಕರೆದಿದ್ದಾರೆ, ಶುಕ್ರವಾರ ಹೊರಡುತ್ತೇನೆ ಅಂದೆ. ‘ಅಪ್ಪನಿಗೆ ನೀನೇ ಹೇಳಕ್ಕ, ನೀನು ಹೇಳಿದರೆ ಕೇಳುತ್ತಾರೆ’ ಎಂದು ನನಗೇ ಒಪ್ಪಿಸಿ ಗೆಳೆಯರ ಮನೆಗೆ ಹೋದೆ. ನಾನು ಅಪ್ಪನ ಹತ್ತಿರ ಹೋದೆ. ನೀನು ಹೇಳು ಅಂದದ್ದನ್ನು ಹೇಳಲಿಲ್ಲ. ಆ ತಂತಿಗಳನ್ನು ಪ್ರಾಣಿಯ ಕರುಳಿನಿಂದ ಮಾಡುತ್ತಾರಂತೆ ಅಂದೆ. ಹಿಂದೆ ಕೆಲವು ವಾದ್ಯಗಳಿಗೆ ಹಾಗೆ ಕಟ್ಟುತ್ತಿದ್ದರೆಂದು ಶಾಲೆಯ ಪುಸ್ತಕದಲ್ಲಿ ಓದಿದ್ದೆ. ನಿನ್ನದು ಅಂಥದಲ್ಲವೆಂದು ನನಗೆ ಚೆನ್ನಾಗಿ ಗೊತ್ತಿತ್ತು. ಪ್ರತಿ ರಜೆಯಲ್ಲೂ ತುಕ್ಕಿಗೆ ಕೊಬ್ಬರಿ ಎಣ್ಣೆ ಹಚ್ಚಿ ಒರೆಸಿದವಳು ನಾನು. ಕರುಳಿಗೆ ತುಕ್ಕು ಹಿಡಿಯುವುದಿಲ್ಲ.

ಯಾಕೆ ಹೇಳಿದೆ? ಆರು ವರ್ಷದಿಂದ ನನಗೆ ನಾನೇ ಬೇರೆ ಬೇರೆ ಕಾರಣ ಕೊಟ್ಟುಕೊಂಡು ನೋಡಿದ್ದೇನೆ. ಅಮ್ಮ ಹೋದಾಗ ನನಗೆ ಹದಿನಾರು, ನಿನಗೆ ಹನ್ನೆರಡು. ನನ್ನನ್ನು ಶಾಲೆ ಬಿಡಿಸಿ ಒಲೆಯ ಮುಂದೆ ಕೂರಿಸಿದರು, ನಿನ್ನನ್ನು ಅರಸೀಕೆರೆಯ ಹಾಸ್ಟೆಲಿಗೆ ಕಳಿಸಿದರು. ಅದಕ್ಕೆ ಹೊಟ್ಟೆಕಿಚ್ಚು ಪಟ್ಟೆ ಎಂದರೆ ಅರ್ಧ ನಿಜ. ನೀನು ಹೋದರೆ ರಜೆಯಲ್ಲೂ ಬರುವವರು ಯಾರೂ ಇರುವುದಿಲ್ಲ ಎಂದು ಭಯವಾಯಿತು. ಇನ್ನರ್ಧ ಅದು. ಗಿಟಾರಿಲ್ಲದಿದ್ದರೆ ನೀನು ಉಳಿಯುತ್ತೀಯ ಅಂದುಕೊಂಡೆ. ಶುಕ್ರವಾರದವರೆಗೂ ಕಾಯದೆ ಮಾರನೆಯ ದಿನವೇ ಹೊರಟುಹೋಗುತ್ತೀಯ ಎಂದು ನನಗೇನು ಗೊತ್ತು?

ವರ್ಷಾವರ್ಷ ಅಷ್ಟು ಜನಕ್ಕೆ ಕಾರ್ಡು ಹೋಗುವುದನ್ನು ನೋಡುತ್ತಾ, ಇದರಲ್ಲಿ ನನ್ನದೂ ಸೇರಿಹೋಯಿತು ಎಂದು ಸಮಾಧಾನ ಮಾಡಿಕೊಳ್ಳುತ್ತಿದ್ದೆ. ಏಕಾಂತಯ್ಯನವರ ಗಲ್ಲ ನಡುಗಿದ್ದನ್ನು ಕಂಡ ಮೇಲೆ ಆ ಸಮಾಧಾನವೂ ಹೋಯಿತು. ಅಪ್ಪ ‘ನಂಗೊತ್ತು’ ಅಂದದ್ದು ನನ್ನನ್ನೇ ಮನಸ್ಸಿನಲ್ಲಿಟ್ಟುಕೊಂಡು. ಹೇಳಿದವಳು ನಾನೆಂದು ಅವರಿಗೆ ಮರೆತಿರಲಾರದು. ಗೊತ್ತಿದ್ದೇ ಸುಳ್ಳಾಡಿದೆ ಎಂಬುದು ಅವರಿಗೆ ಗೊತ್ತಿಲ್ಲ. ಮಗಳು ಎಲ್ಲೋ ಕೇಳಿದ್ದನ್ನು ಹೇಳಿದಳು ಎಂದೇ ನಂಬಿದ್ದಾರೆ.

ಮನ್ನಿಸು ಎಂದು ಕೇಳುತ್ತೇನೆ. ಮನ್ನಿಸಲೇಬೇಕೆಂದು ಕೇಳುವುದಿಲ್ಲ.

ಶೀಲಾವತಿ


ಕಲ್ಕತ್ತ
19-12-1977

ಅಕ್ಕ,

ನಿನ್ನ ಕಾಗದ ಬಂದು ಎರಡು ತಿಂಗಳಾಯಿತು. ಆರು ಉತ್ತರ ಬರೆದು ಹರಿದೆ. ಅವುಗಳಲ್ಲಿ ಏನಿತ್ತೆಂದು ನಿನಗೆ ಗೊತ್ತಾಗದಿರುವುದೇ ಒಳ್ಳೆಯದು. ಸಿಟ್ಟು ಬಂದಿತ್ತು, ಈಗಲೂ ಇದೆ.

ನಿನ್ನೆಯ ಕಛೇರಿಯ ಸಂಗತಿ ಹೇಳಿಬಿಡುತ್ತೇನೆ. ಕ್ರಿಸ್‌ಮಸ್ಸಿನ ವಾರ, ನಿಲ್ಲಲು ಜಾಗವಿರಲಿಲ್ಲ. ಮೇ ತಿಂಗಳಿಂದ ಲಕ್ಕಮ್ಮನ ಪದವನ್ನು ಪ್ರತಿವಾರ ಕೇಳುತ್ತಾರೆ. ನಿನ್ನ ಕಾಗದ ಬಂದ ಮೇಲೆ ನಾನು ಅದನ್ನು ಹಾಡಿರಲಿಲ್ಲ. ಗಂಟಲು ಸರಿಯಿಲ್ಲ ಎಂದು ನೆಪ ಹೇಳಿ ಎಂಟು ವಾರ ತಪ್ಪಿಸಿಕೊಂಡೆ. ನಿನ್ನೆ ಹಿಂದಿನ ಸಾಲಿನಿಂದ ಕೂಗಿದರು. ಶುರು ಮಾಡಿದೆ. ‘ಕಾಲು ಕಟ್ಟೈತೆ’ ಎಂಬಲ್ಲಿ ನಿಂತುಬಿಟ್ಟೆ. ಇನ್ನೂರು ಮುಖ ನನ್ನನ್ನೇ ನೋಡುತ್ತಿದ್ದವು.

ಬೀಸುಕಲ್ಲಿನ ಆ ಬದಿ ಲಕ್ಕಮ್ಮ ಕೂರುತ್ತಿದ್ದದ್ದು ನನಗೆ ಯಾವಾಗಲೂ ನೆನಪಿತ್ತು. ಗೂಟ ಹಿಡಿದು ಈ ಬದಿ ಕೂರುತ್ತಿದ್ದವಳು ನೀನು. ಅದು ನೆನಪಿಗೆ ಬಂದದ್ದು ನಿನ್ನೆ. ಇಬ್ಬರೂ ಹಾಡುತ್ತಿದ್ದಿರಿ. ಐದು ತಿಂಗಳು ಆ ಹಾಡಿಗೆ ಚಪ್ಪಾಳೆ ತೆಗೆದುಕೊಂಡವನು ನಾನು, ಹಾದಿ ಹಿಡಿದು ಹೋದವನು.

ಇನ್ನೊಂದು ವಿಷಯ. ಹಾಸ್ಟೆಲಿಗೆ ಒಯ್ದ ಟ್ರಂಕಿನ ತಳಕ್ಕೆ ಹಾಸಿದ್ದು ನಿನ್ನ ಭೂಗೋಳದ ನೋಟ್‌ಬುಕ್ಕಿನ ಹಾಳೆಗಳು. ನೀನೇ ಹರಿದು ಹಾಸಿದ್ದೆ. ನೀನು ಬರೆದ ನದಿ ಬೆಟ್ಟಗಳ ಮೇಲೆ ನನ್ನ ಅಂಗಿ ಮಡಿಸಿಟ್ಟುಕೊಂಡು ಐದು ವರ್ಷ ಓದಿದೆ. ನಿನಗೂ ಓದುವ ಆಸೆಯಿತ್ತೆ ಎಂದು ಕೇಳಲಿಲ್ಲ. ಇತ್ತೆಂದು ನನಗೆ ಗೊತ್ತಿತ್ತು. ಕೇಳಿದರೆ ಟ್ರಂಕನ್ನು ವಾಪಸು ಕೊಡಬೇಕಾದೀತೆಂದು ಸುಮ್ಮನಿದ್ದೆ.

ನಿನ್ನೆ ಹಾಡು ನಿಲ್ಲಿಸಿದ ಮೇಲೆ ನಾನು ಜನರಿಗೆ, ಇದು ಹಾಡುಗಾರರ ಹಾಡಲ್ಲ, ಮನೆಬಿಟ್ಟು ಹೋಗಲಾಗದ ಹೆಂಗಸರದು ಎಂದು ಹೇಳಿ, ಬಾಟಲಿಯ ಕುತ್ತಿಗೆ ತೆಗೆದಿಟ್ಟು ಬರಿಗೈಯಲ್ಲಿ ಮೊದಲಿಂದ ನುಡಿಸಿದೆ. ಯಾರೂ ತಾಳ ಹಾಕಲಿಲ್ಲ. ಮುಗಿದ ಮೇಲೆ ಚಪ್ಪಾಳೆ ಬಂತೋ ಇಲ್ಲವೋ ನನಗೆ ನೆನಪಿಲ್ಲ.

ಮನ್ನಿಸಿದೆ ಎಂದು ಬರೆಯಲಾರೆ. ಬರೆದರೆ ಅದೂ ಅಚ್ಚಿನ ಕಾರ್ಡಿನ ಮಾತಾಗುತ್ತದೆ. ನೀನು ನನಗೆ ಹೇಳಿದ್ದನ್ನು ಅಪ್ಪನಿಗೆ ಹೇಳು, ಏಕಾಂತಯ್ಯನವರನ್ನು ಎದುರಿಗೆ ಕೂರಿಸಿಕೊಂಡು ಹೇಳು. ನಮ್ಮಿಬ್ಬರಿಂದಲೂ ನೊಂದವರು ಅವರು. ಆಮೇಲೆ ಬರೆ.

ಅಜಿತ


ಹಳೇಬೀಡು
5-2-1978

ಅಜಿತ,

ಹೇಳಿದೆ.

ಏಕಾಂತಯ್ಯನವರನ್ನು ಕರೆತರಲು ನಾನೇ ಗಂಡಸಿಗೆ ಹೋದೆ. ಅವರ ಹೆಂಡತಿ ಸುವರ್ಣಮ್ಮ ಬಾಗಿಲಲ್ಲಿ ನಿಲ್ಲಿಸಿ, “ಇನ್ನೇನು ಉಳಿದೈತೆ ಅಂತ ಬಂದ್ಯವ್ವ?” ಅಂದರು. ಒಳಗಿನಿಂದ ಕೇಳಿಸಿಕೊಂಡ ಏಕಾಂತಯ್ಯನವರೇ ಹೊರಟು ಬಂದರು. ಬಸ್ಸಿನಲ್ಲಿ ಅವರು ಗಂಡಸರ ಕಡೆ, ನಾನು ಹೆಂಗಸರ ಕಡೆ. ದಾರಿಯುದ್ದ ಹೇಳಬೇಕಾದ ಮಾತನ್ನು ಜೋಡಿಸಿಕೊಂಡೆ. ಮನೆಗೆ ಬಂದ ಮೇಲೆ ಜೋಡಿಸಿದ್ದು ಒಂದೂ ಉಳಿಯಲಿಲ್ಲ. “ಅಪ್ಪಾ, ಅದು ಕಬ್ಬಿಣ ಅಂತ ಗೊತ್ತಿದ್ದೇ ನಿಮಗೆ ಸುಳ್ಳು ಹೇಳಿದೆ,” ಎಂದಷ್ಟೇ ಅಂದೆ.

ಅಪ್ಪ ಎದ್ದು ಒಳಗೆ ಹೋದರು. ಬೈಯಲಾರದೆ ಎದ್ದುಹೋದರು ಅಂದುಕೊಂಡೆ. ಅವರ ಬೀರು ತೆರೆದ ಸದ್ದಾಯಿತು. ಒಂದು ಅಂಗವಸ್ತ್ರ ಹಿಡಿದುಕೊಂಡು ಬಂದು ನನ್ನ ಮಡಿಲಿಗೆ ಹಾಕಿದರು. ಆ ದಿನದ್ದು, ಗಿಟಾರು ಸುತ್ತಿದ್ದು. ಉದ್ದಕ್ಕೆ ಆರು ಗೆರೆ ತುಕ್ಕಿನ ಗುರುತು, ಗೀಟುಕೋಲು ಇಟ್ಟು ಎಳೆದ ಹಾಗೆ.

“ಕೆರೇಲಿ ಬಿಟ್ಟು ಬಂದು ಬಟ್ಟೆ ಕೊಡವಿದಾಗ ನೋಡ್ದೆ,” ಅಂದರು. “ಆವತ್ತೇ ಗೊತ್ತಾಯ್ತು ಕಬ್ಬಿಣ ಅಂತ. ಮೂಗಿನ ಹತ್ರ ತಂದ್ರೆ ಕೊಬ್ಬರಿ ಎಣ್ಣೆ ವಾಸನೆ. ಎಣ್ಣೆ ಹಚ್ಚಿ ಒರಸ್ದೋಳು ನೀನು. ಒರಸ್ದೋಳಿಗೆ ಗೊತ್ತಿಲ್ದೆ ಇರ್ತದಾ?”

ಏಕಾಂತಯ್ಯನವರು ಬಾಯಿಬಿಟ್ಟುಕೊಂಡು ನೋಡುತ್ತಿದ್ದರು. “ಹಂಗಾರೆ ಆ ಹೊತ್ತೇ ಯಾಕೆ ಕೇಳ್ಲಿಲ್ಲ ನೀವು?” ಅಂದರು.

“ಬೆಳಿಗ್ಗೆ ಎದ್ದು ನೋಡಿದ್ರೆ ಮಗ ಇಲ್ಲ. ಇವಳನ್ನ ಕೇಳಿದ್ರೆ ಇವಳೂ ಅದೇ ಕೆರೆಗೆ ಬೀಳ್ತಿದ್ಲು,” ಅಂದರು ಅಪ್ಪ. ನನ್ನ ಕಡೆ ತಿರುಗಿ, “ನಾನೂ ಬೆರಳಿಟ್ಟು ನೋಡ್ಲಿಲ್ಲವಲ್ಲಮ್ಮ. ನಿನ್ನದು ಒಂದು ಮಾತು. ಎತ್ಕೊಂಡು ಹೋಗಿದ್ದು ನನ್ನ ಕೈ,” ಅಂದರು.

ಆ ಎಣ್ಣೆಯ ವಾಸನೆಗೇ ಅವರು ಕಾಯಿ ಬಿಟ್ಟದ್ದು, ಅಜಿತ. ಬಾಯಿಗಿಟ್ಟರೆ ಅದೇ ನೆನಪಾಗುತ್ತಿತ್ತಂತೆ. ಆರು ವರ್ಷಕ್ಕೂ ಮೇಲೆ ನಾನು ಬಡಿಸಿದ್ದನ್ನು ನನ್ನ ಮುಖ ನೋಡಿಕೊಂಡು ಉಂಡರು. ಒಂದು ದಿನವೂ ತೋರಗೊಡಲಿಲ್ಲ. ಎರಡು ಪಾತ್ರೆಯ ಸಾರು ಎಂದು ನಿನ್ನ ಮುಂದೆ ಗೊಣಗಿದ್ದೆನಲ್ಲ, ಅದನ್ನು ನೆನೆದರೆ ಈಗ ಎಲ್ಲಿ ಮುಖ ಮುಚ್ಚಿಕೊಳ್ಳಲಿ ಎನ್ನಿಸುತ್ತದೆ.

ನಾನು ಅಳುವುದು ನಿಂತ ಮೇಲೆ ಏಕಾಂತಯ್ಯನವರು ಜಗಲಿಯಿಂದ ಎದ್ದರು. “ನಂಗೂ ಒಂದು ಕಾರ್ಡು ಕೊಡವ್ವ, ನಿಮ್ಮ ಹುಡುಗಂಗೆ ಹಾಕ್ತೀನಿ. ಅವನ ವಾದ್ಯ ನೋಡಿ ನಗಾಡಿದ್ದು ನಾನೇಯ,” ಅಂದರು. ಕ್ಷಮಾವಣಿ ಮುಗಿದು ನಾಲ್ಕು ತಿಂಗಳಾಯಿತು ಎಂದರೂ ಕೇಳಲಿಲ್ಲ. ಅವರ ಕಾರ್ಡು ಇದರೊಳಗಿದೆ.

ಅಪ್ಪನ ಕಣ್ಣಿನ ಆಪರೇಷನ್ನು ಬೇಸಿಗೆಗೆ ಮುಂದಕ್ಕೆ ಹೋಗಿದೆ. ನೀನು ಬಂದರೆ ಅವರು ನಿನ್ನನ್ನು ನೋಡಲಾರರು, ಕೇಳಬಲ್ಲರು. ಇನ್ನೂರು ಜನ ಇರುವುದಿಲ್ಲ. ಅಪ್ಪ, ಏಕಾಂತಯ್ಯ, ಲಕ್ಕಮ್ಮ ಇರುತ್ತಾರೆ. ಲಕ್ಕಮ್ಮನಿಗೆ ಹಲ್ಲು ಹೋಗಿದೆ, ಪದ ಹೋಗಿಲ್ಲ. ನಾನು ಅಲ್ಲಿರಬಹುದೋ ಬೇಡವೋ ನೀನೇ ಹೇಳು.

ಅಂಗವಸ್ತ್ರ ನನ್ನ ಹತ್ತಿರವಿದೆ. ಸೀಗೆ ಹಾಕಿ ಒಗೆದರೆ ಗುರುತು ಹೋಗಬಹುದು ಎಂದು ಬಕೆಟ್ಟಿನ ಪಕ್ಕದಲ್ಲಿಟ್ಟಿದ್ದೇನೆ. ಕೈ ಬರುತ್ತಿಲ್ಲ.

ಶೀಲಾವತಿ


ಕಲ್ಕತ್ತ
20-2-1978

ಅಕ್ಕ,

ಹೌರಾದಿಂದ ಮದ್ರಾಸು, ಅಲ್ಲಿಂದ ಬೆಂಗಳೂರು. ಮಾರ್ಚ್ ಹನ್ನೆರಡು, ಆದಿತ್ಯವಾರ ಬೆಳಿಗ್ಗೆ ಹತ್ತರ ಹೊತ್ತಿಗೆ ಅರಸೀಕೆರೆಯಲ್ಲಿ ಇಳಿಯುತ್ತೇನೆ. ಗಾರ್ಡ್ ಸಾಹೇಬರನ್ನು ಕಂಡು, ಸಿಕ್ಕಿದ ಬಸ್ಸು ಹತ್ತಿ ಎರಡು ಗಂಟೆಗೆ ಜಗಲಿಯ ಮೇಲೆ ಕೂರುತ್ತೇನೆ. ಆದಿತ್ಯವಾರ ಎರಡಕ್ಕೆ ನನ್ನ ಕಛೇರಿ, ತಪ್ಪಿಸಿ ಅಭ್ಯಾಸವಿಲ್ಲ. ಬಾಟಲಿಯ ಕುತ್ತಿಗೆ ತರುತ್ತೇನೆ. ಲಕ್ಕಮ್ಮ ಆ ಬದಿ ಕೂರಲಿ, ನೀನು ಈ ಬದಿ ಕೂರು. ಇಬ್ಬರೂ ಹಾಡಿ, ನಾನು ಹಿಂದೆ ನುಡಿಸುತ್ತೇನೆ.

ಊಟ ಸೂರ್ಯ ಮುಳುಗುವ ಮುಂಚೆ. ಏಕಾಂತಯ್ಯನವರ ಕಾಯಿ ಹಾಕಿ ಒಂದೇ ಪಾತ್ರೆಯಲ್ಲಿ ಸಾರು ಮಾಡು. ಅಪ್ಪ ಉಣ್ಣುತ್ತಾರೆ.

ಆ ಬಟ್ಟೆಯನ್ನು ಒಗೆಯಬೇಡ. ರೈಲಿನ ಗಾಳಿಗೆ ತಂತಿ ತುಕ್ಕು ಹಿಡಿದಿರುತ್ತದೆ. ನುಡಿಸುವ ಮುಂಚೆ ನೀನು ಒರೆಸಿಕೊಡಬೇಕು.

ಅಜಿತ